ಆರ್‌ಟಿಸಿ ಅಣ್ಣನ ಹೆಸರಲ್ಲಿದೆ, ತೋಟ ಮಾಡಿದವರು ನಾವು: ಜಾಗ ಯಾರದ್ದು?

ಪ್ರಶ್ನೆ: ನಮ್ಮದು ಮಡಿಕೇರಿ ತಾಲ್ಲೂಕು, ನಾಪೋಕ್ಲು ಕಡೆ. ಅಜ್ಜ ಒಕ್ಕದ (ಒಂದೇ ಮನೆತನದ ಕುಟುಂಬ) ಪಟ್ಟೆದಾರರಾಗಿದ್ದರು. 1979ರಲ್ಲಿ ತೀರಿಕೊಂಡರು. ಅವರಿಗೆ ಇಬ್ಬರು ಗಂಡು ಮಕ್ಕಳು, ಇಬ್ಬರು ಹೆಣ್ಣು ಮಕ್ಕಳು. 1986ರಲ್ಲಿ ಊರಿನ ಹಿರಿಯರನ್ನು ಕೂರಿಸಿಕೊಂಡು ದೊಡ್ಡಪ್ಪ ಮತ್ತು ಅಪ್ಪ ಪಾಲು ಮಾಡಿಕೊಂಡರು. ಬಿಳಿ ಹಾಳೆಯಲ್ಲಿ ಬರೆದು ಸಹಿ ಹಾಕಿದ್ದಾರೆ, ರಿಜಿಸ್ಟರ್ ಆಗಿಲ್ಲ. ಒಂದು ಎಕರೆ ಗದ್ದೆ, ಮೂರು ಎಕರೆ ಬಾಣೆ (ಗದ್ದೆಗೆ ಸೇರಿದಂತೆ ಬಿಟ್ಟ ಜಾಗ) ನಮ್ಮ ಪಾಲಿಗೆ ಬಂತು. ಬಾಣೆಯಲ್ಲಿ ಅಪ್ಪ ಕಾಫಿ, ಮೆಣಸು ಬೆಳೆಸಿದರು. ಅಜ್ಜನ ನಂತರ ಆರ್‌ಟಿಸಿಯಲ್ಲಿ, ಅಂದರೆ ಪಹಣಿಯಲ್ಲಿ, ದೊಡ್ಡಪ್ಪನ ಹೆಸರು ಬಂತು. ಯಾರೂ ತಲೆ ಕೆಡಿಸಿಕೊಳ್ಳಲಿಲ್ಲ. ದೊಡ್ಡಪ್ಪ ತೀರಿಕೊಂಡ ಮೇಲೆ ಅವರ ಮಗ ಪೌತಿ ಖಾತೆಯಲ್ಲಿ (ತೀರಿಕೊಂಡವರ ಖಾತೆ ವಾರಸುದಾರರ ಹೆಸರಿಗೆ ಮಾಡುವುದು) ಪೂರ್ತಿ ಜಾಗ ತನ್ನ ಒಬ್ಬನ ಹೆಸರಿಗೆ ಮಾಡಿಸಿಕೊಂಡಿದ್ದಾರೆ. ನಮಗೆ ನೋಟೀಸ್ ಬಂದಿಲ್ಲ. ಈ ವರ್ಷ ಕಾಫಿ ಕೊಯ್ಲು ಮುಗಿದ ಕೂಡಲೇ ನಮ್ಮ ತೋಟದೊಳಗೆ ಕಂಬ ನೆಟ್ಟು ತಂತಿ ಎಳೆದರು. ಕೇಳಿದರೆ 'ಆರ್‌ಟಿಸಿ ನನ್ನ ಹೆಸರಲ್ಲಿದೆ, ನೀವೇ ಒತ್ತುವರಿ ಮಾಡಿದ್ದೀರಿ' ಅನ್ನುತ್ತಾರೆ. ತಹಶೀಲ್ದಾರರ ಹತ್ತಿರ ಹೋಗಬೇಕಾ, ಕೋರ್ಟಿಗಾ? ಹನ್ನೆರಡು ವರ್ಷ ಅನುಭವದಲ್ಲಿದ್ದರೆ ಜಾಗ ನಮ್ಮದೇ ಆಗುತ್ತದೆ ಅಂತ ಒಬ್ಬರು ಹೇಳಿದರು, ನಿಜವಾ? ಬೇಲಿ ಕಿತ್ತು ಹಾಕಬಹುದಾ? ತೋಟಕ್ಕೆ ತಾಗಿ ಅರ್ಧ ಎಕರೆ ಪೈಸಾರಿಯಲ್ಲೂ (ಸರ್ಕಾರಿ ಜಾಗ) ಅಪ್ಪ ಕಾಫಿ ಹಾಕಿದ್ದಾರೆ, ಅದರ ಕಥೆ ಏನು?

ಉತ್ತರ: ನಿಮ್ಮ ಅಣ್ಣನ, ಅಂದರೆ ದೊಡ್ಡಪ್ಪನ ಮಗನ, ಮಾತಿನಲ್ಲಿ ಅರ್ಧ ಮಾತ್ರ ಸರಿ. ಆರ್‌ಟಿಸಿ ಅವರ ಹೆಸರಲ್ಲಿದೆ, ಅದು ನಿಜ. ಅದರಿಂದ ಜಾಗ ಅವರ ಒಬ್ಬರದ್ದಾಯಿತು ಅನ್ನುವುದು ಸುಳ್ಳು. ಕಂದಾಯ ಯಾರಿಂದ ವಸೂಲು ಮಾಡಬೇಕು ಅಂತ ಸರ್ಕಾರ ಇಟ್ಟುಕೊಂಡ ಲೆಕ್ಕ ಅದು. ಮ್ಯುಟೇಶನ್ (ಕಂದಾಯ ದಾಖಲೆಯಲ್ಲಿ ಹೆಸರು ಬದಲಾವಣೆ) ಆದ ಮಾತ್ರಕ್ಕೆ ಒಡೆತನ ಹುಟ್ಟುವುದಿಲ್ಲ, ಇದ್ದ ಒಡೆತನ ಹೋಗುವುದೂ ಇಲ್ಲ ಅಂತ ಸುಪ್ರೀಂ ಕೋರ್ಟ್ ಮತ್ತೆ ಮತ್ತೆ ಹೇಳಿದೆ.

ಹಾಗಂತ ಆರ್‌ಟಿಸಿಯನ್ನು ಹಗುರವಾಗಿ ತೆಗೆದುಕೊಳ್ಳಬೇಡಿ. ಕರ್ನಾಟಕ ಭೂಕಂದಾಯ ಕಾಯ್ದೆ, 1964ರ 133ನೇ ಕಲಮಿನ ಪ್ರಕಾರ, ತಪ್ಪು ಅಂತ ಸಾಬೀತಾಗುವವರೆಗೆ ಅದರಲ್ಲಿ ಬರೆದದ್ದನ್ನು ಸರಿ ಅಂತಲೇ ನಂಬಬೇಕು. ಅಂದರೆ ಸಾಬೀತು ಮಾಡುವ ಹೊರೆ ಈಗ ನಿಮ್ಮ ತಲೆ ಮೇಲೆ ಬಂದಿದೆ. ಆ ದಾಖಲೆ ತೋರಿಸಿ ಅವರು ಸಾಲ ಎತ್ತಬಹುದು, ಮಾರಲೂ ಹೊರಡಬಹುದು. ಆದ್ದರಿಂದ ಸುಮ್ನೆ ಕೂರುವಂತಿಲ್ಲ.

ಕೊಡಗಿನ ಆರ್‌ಟಿಸಿ ಓದುವಾಗ ಇನ್ನೊಂದು ವಿಷಯ ನೆನಪಿರಲಿ. ಬಯಲುಸೀಮೆಯಲ್ಲಿ ಒಂದು ಸರ್ವೆ ನಂಬರಿಗೆ ಒಂದು ಹೆಸರಿದ್ದರೆ, ಸಾಮಾನ್ಯವಾಗಿ ಆ ಮನುಷ್ಯನದ್ದೇ ಜಮೀನು. ನಮ್ಮಲ್ಲಿ ಹಾಗಲ್ಲ. ಜಮ್ಮಾ ಜಾಗ ರಾಜರ ಕಾಲದಿಂದ ಒಕ್ಕಕ್ಕೆ ಬಂದದ್ದು. ಗದ್ದೆ, ಆ ಗದ್ದೆಯ ಸೊಪ್ಪು ಸೌದೆಗೆ ಮತ್ತು ದನ ಮೇಯಲು ಅಂತ ಬಿಟ್ಟ ಬಾಣೆ, ಎರಡೂ ಸೇರಿ ಒಂದು ವರ್ಗ, ಅಂದರೆ ಒಂದು ಹಿಡುವಳಿ. ಒಕ್ಕದ ಪರವಾಗಿ ಕಂದಾಯ ಕಟ್ಟಲು, ಸರ್ಕಾರಕ್ಕೆ ಉತ್ತರ ಹೇಳಲು ಒಬ್ಬ ಪಟ್ಟೆದಾರ. 1899ರ ಕೊಡಗು ಭೂ ಮತ್ತು ಕಂದಾಯ ರೆಗ್ಯುಲೇಷನ್ ಕಾಲದ ದಾಖಲೆಗಳೆಲ್ಲ ಈ ಲೆಕ್ಕದಲ್ಲೇ ಇವೆ. 1956ರಲ್ಲಿ ಕೊಡಗು ಮೈಸೂರು ರಾಜ್ಯಕ್ಕೆ ಸೇರಿತು, ಆಮೇಲೆ 1964ರ ಕಾಯ್ದೆ ಬಂತು, ಆಮೇಲೆ ಭೂಮಿ ತಂತ್ರಾಂಶ ಬಂದು ಕೈಬರಹದ ಪಹಣಿ ಹೋಯಿತು. ಪಟ್ಟೆದಾರರ ಹೆಸರು ಮಾತ್ರ ಒಂಬತ್ತನೇ ಕಾಲಂನಲ್ಲಿ ಮಾಲೀಕರ ಹೆಸರಾಗಿ ಕೂತುಬಿಟ್ಟಿತು. ಜಮ್ಮಾ ಬಾಣೆ ಮೇಲೆ ಹಿಡುವಳಿದಾರರಿಗೆ ಏನು ಹಕ್ಕು ಅನ್ನುವುದೇ 1993ರಲ್ಲಿ ಹೈಕೋರ್ಟಿನ ಪೂರ್ಣ ಪೀಠದವರೆಗೆ ಹೋದ ವಿಷಯ. ಅದು ಸರ್ಕಾರ ಮತ್ತು ಹಿಡುವಳಿದಾರರ ನಡುವಿನ ಜಗಳ. ನಿಮ್ಮದು ಒಕ್ಕದ ಒಳಗಿನದು. ಎರಡನ್ನೂ ಒಂದೇ ಅರ್ಜಿಯಲ್ಲಿ ಕಲಸುವವರು ಬಹಳ ಮಂದಿ, ನೀವು ಆ ಕೆಲಸ ಮಾಡಬೇಡಿ.

ದೊಡ್ಡಪ್ಪನ ಹೆಸರು ಅಲ್ಲಿ ಬಂದದ್ದು ಯಾವ ಲೆಕ್ಕದಲ್ಲಿ? ಅಜ್ಜನ ನಂತರದ ಪಟ್ಟೆದಾರರಾಗಿಯೋ, ಪೂರ್ತಿ ಜಾಗದ ಒಡೆಯರಾಗಿಯೋ? ಇಡೀ ಕೇಸು ನಿಂತಿರುವುದು ಈ ಪ್ರಶ್ನೆಯ ಮೇಲೆ. ಅದಕ್ಕೆ ಉತ್ತರ ಸಿಗುವುದು ಆ ಕಾಲದ ಮ್ಯುಟೇಶನ್ ವಹಿಯಲ್ಲಿ. ತಾಲ್ಲೂಕು ಕಚೇರಿಯ ಅಭಿಲೇಖಾಲಯದಿಂದ ಹಳೆ ಜಮಾಬಂದಿ (ಕಂದಾಯದ ಲೆಕ್ಕ) ನಕಲು, ಕೈಬರಹದ ಪಹಣಿ, ದೊಡ್ಡಪ್ಪನ ಹೆಸರು ಬಂದ ಎಂ.ಆರ್. (ಮ್ಯುಟೇಶನ್ ವಹಿ) ನಕಲು, ಈಗಿನ ಪೌತಿ ಖಾತೆಯ ಪೂರ್ತಿ ಕಡತ, ಇಷ್ಟನ್ನೂ ದೃಢೀಕರಿಸಿ ತೆಗೆಸಿ. ಮೌಖಿಕವಾಗಿ ಕೇಳಿದರೆ 'ಕಡತ ಸಿಗುತ್ತಿಲ್ಲ' ಅನ್ನುವ ಉತ್ತರ ಬರಬಹುದು. ಬರವಣಿಗೆಯಲ್ಲಿ ಅರ್ಜಿ ಕೊಡಿ, ಸ್ವೀಕೃತಿ ಪಡೆಯಿರಿ, ಆಗದಿದ್ದರೆ ಮಾಹಿತಿ ಹಕ್ಕಿನಲ್ಲಿ ಕೇಳಿ. ಪೌತಿ ಕಡತದಲ್ಲಿ ಮುಖ್ಯವಾಗಿ ವಂಶವೃಕ್ಷ ನೋಡಿ. ದೊಡ್ಡಪ್ಪನ ಕೆಳಗಿನ ಕವಲು ಮಾತ್ರ ತೋರಿಸಿದ್ದಾರಾ, ಅಜ್ಜನಿಂದ ಶುರು ಮಾಡಿದ್ದಾರಾ? ಅಪ್ಪ, ಅತ್ತೆಯರನ್ನು ಬಿಟ್ಟು ವಂಶವೃಕ್ಷ ಮಾಡಿಸಿದ್ದರೆ ನಿಮಗೆ ಅದಕ್ಕಿಂತ ಒಳ್ಳೆಯ ಸಾಕ್ಷಿ ಬೇಕಿಲ್ಲ.

ತಹಶೀಲ್ದಾರರಾ, ಕೋರ್ಟಾ? ಎರಡೂ ಕಡೆ ಹೋಗಬೇಕು. ಆದರೆ ಎರಡು ಕಡೆ ಎರಡು ಬೇರೆ ಬೇರೆ ವಿಷಯ ಕೇಳಬೇಕು.

ಕಂದಾಯ ಇಲಾಖೆಯಲ್ಲಿ ಕೇಳಬೇಕಾದದ್ದು ಇಷ್ಟೇ: 'ಈ ಪೌತಿ ಖಾತೆ ಮಾಡಿದ ಕ್ರಮ ತಪ್ಪು. ಸಂಬಂಧಪಟ್ಟವರಿಗೆ ನೋಟೀಸ್ ಕೊಟ್ಟಿಲ್ಲ. ರದ್ದು ಮಾಡಿ.' ಇದು 136(2)ನೇ ಕಲಮಿನ ಮೇಲ್ಮನವಿ, ಮಡಿಕೇರಿಯಲ್ಲಿ ಉಪವಿಭಾಗಾಧಿಕಾರಿಗಳ ಮುಂದೆ. ಕಾಲಮಿತಿ 60 ದಿನ. ನಿಮಗೆ ನೋಟೀಸೇ ಬಂದಿಲ್ಲವಾದ್ದರಿಂದ ವಿಷಯ ಗೊತ್ತಾದ ದಿನದಿಂದ ಎಣಿಸಿ ಅಂತ ಕೇಳಬಹುದು. ಆ ದಿನ ದಾಟಿದ್ದರೆ ವಿಳಂಬ ಮನ್ನಿಸಲು ಬೇರೆ ಅರ್ಜಿ, ಕಾರಣ ಬರೆದು, ಪ್ರಮಾಣಪತ್ರದ ಜೊತೆ. ಅಲ್ಲಿ ಸೋತವರು ಜಿಲ್ಲಾಧಿಕಾರಿಗಳ ಮುಂದೆ 136(3)ರಲ್ಲಿ ಪುನರ್ ಪರಿಶೀಲನೆಗೆ ಹೋಗಬಹುದು. ಮೇಲ್ಮನವಿ ಹಾಕಿದ ದಿನವೇ ಯಥಾಸ್ಥಿತಿಗೆ ಮಧ್ಯಂತರ ಆದೇಶ ಕೇಳಿ. ಅದು ಸಿಕ್ಕರೆ ಆರ್‌ಟಿಸಿಯ ಹನ್ನೊಂದನೇ ಕಾಲಂನಲ್ಲಿ ದಾಖಲಿಸಲು ತಹಶೀಲ್ದಾರರಿಗೆ ಪ್ರತಿ ಕೊಡಿ. ಆ ಒಂದು ಸಾಲು ನೋಡಿದ ಮೇಲೆ ಬ್ಯಾಂಕಿನವರೂ, ಕೊಳ್ಳುವವರೂ ಹಿಂದೆ ಮುಂದೆ ನೋಡುತ್ತಾರೆ.

ಅಲ್ಲಿ 'ನಾಲ್ಕು ಎಕರೆ ನಮ್ಮದು ಅಂತ ತೀರ್ಮಾನ ಕೊಡಿ' ಅಂತ ಮಾತ್ರ ಕೇಳಬೇಡಿ. ಅದು ಕಂದಾಯ ಅಧಿಕಾರಿಗಳ ಕೈಯಲ್ಲಿಲ್ಲ. ಒಡೆತನದ ತಕರಾರು ಅಂತ ಕಂಡ ಕೂಡಲೇ 'ಸಿವಿಲ್ ನ್ಯಾಯಾಲಯಕ್ಕೆ ಹೋಗಿ' ಅಂತ ಬರೆದು ಕಡತ ಮುಚ್ಚುತ್ತಾರೆ, ಹಾಗೆ ಬರೆಯುವುದು ಸರಿಯೂ ಹೌದು. ಈ ಒಂದು ತಪ್ಪಿನಿಂದ ವರ್ಷಗಟ್ಟಲೆ ಕಚೇರಿ ಮೆಟ್ಟಿಲು ಸವೆಸಿದವರು ಜಿಲ್ಲೆಯಲ್ಲಿ ಕಡಿಮೆ ಇಲ್ಲ. ಅದೇ ಕಾಯ್ದೆಯ 135ನೇ ಕಲಂ ದಾರಿ ತೋರಿಸುತ್ತದೆ: ದಾಖಲೆಯಿಂದ ತೊಂದರೆಯಾದವರು ಸಿವಿಲ್ ಕೋರ್ಟಿನಲ್ಲಿ ಹಕ್ಕಿನ ಘೋಷಣೆ ಪಡೆಯಬಹುದು, ಆ ಘೋಷಣೆಗೆ ತಕ್ಕ ಹಾಗೆ ದಾಖಲೆ ತಿದ್ದಬೇಕು.

ಇನ್ನು ಕೋರ್ಟು. ಬರೀ ತಡೆಯಾಜ್ಞೆ ಕೇಳಿ ದಾವೆ ಹಾಕುವುದು ಸುಲಭ, ಖರ್ಚೂ ಕಡಿಮೆ. ಆದರೆ ನಿಮ್ಮ ಕೇಸಿಗೆ ಅದು ಸಾಲದು. ಎದುರಿನವರು ಒಡೆತನವನ್ನೇ ಅಲ್ಲಗಳೆದಾಗ ಘೋಷಣೆಯನ್ನೂ ಕೇಳಬೇಕು ಅಂತ ಸುಪ್ರೀಂ ಕೋರ್ಟ್ 2008ರಲ್ಲಿ ಬಿಡಿಸಿ ಹೇಳಿದೆ. ನಿಮ್ಮ ಅಣ್ಣ 'ನೀವು ಒತ್ತುವರಿದಾರರು' ಅಂದ ದಿನವೇ ಆ ಹಂತ ಬಂತು. ಘೋಷಣೆ ಕೇಳಲು ಮೂರು ವರ್ಷದ ಕಾಲಮಿತಿ, ಹಕ್ಕನ್ನು ಮೊದಲು ಅಲ್ಲಗಳೆದಾಗಿನಿಂದ ಎಣಿಕೆ. ತಂತಿ ಎಳೆದ ತಾರೀಖು ಎಲ್ಲಾದರೂ ಬರೆದಿಟ್ಟುಕೊಳ್ಳಿ.

ನಾನಾಗಿದ್ದರೆ ದಾವೆಯನ್ನು ಹೀಗೆ ಕಟ್ಟುತ್ತೇನೆ. ಮುಖ್ಯ ಕೋರಿಕೆ: 1986ರಲ್ಲಿ ಪಾಲಾಗಿದೆ, ಈ ನಾಲ್ಕು ಎಕರೆ ನಮ್ಮ ಪಾಲಿಗೆ ಬಂದದ್ದು ಅಂತ ಘೋಷಿಸಿ, ಅಡ್ಡಿ ಮಾಡದಂತೆ ತಡೆಯಾಜ್ಞೆ ಕೊಡಿ. ಪರ್ಯಾಯ ಕೋರಿಕೆ: ಆ ಪಾಲು ಸಾಬೀತಾಗಲಿಲ್ಲ ಅಂತ ಕೋರ್ಟಿಗೆ ಕಂಡರೆ, ಜಾಗ ಇನ್ನೂ ಕುಟುಂಬದ್ದೇ, ನಮ್ಮ ಹಿಸ್ಸೆ ಬೇರೆ ಮಾಡಿಕೊಡಿ. ಹೀಗೆ ಎರಡು ಕಾಲಿನ ಮೇಲೆ ನಿಂತರೆ ಒಂದು ಜಾರಿದರೂ ಬೀಳುವುದಿಲ್ಲ.

ಬಿಳಿ ಹಾಳೆಯ ಬಗ್ಗೆ. ಬಾಯಿಮಾತಿನ ಪಾಲು ಕಾನೂನಿನಲ್ಲಿ ನಡೆಯುತ್ತದೆ. 'ಹೀಗೆ ಪಾಲು ಮಾಡಿಕೊಂಡಿದ್ದೇವೆ' ಅಂತ ಆಗಿಹೋದ ಪಾಲಿನ ನೆನಪಿಗೆ ಬರೆದ ಚೀಟಿಯಾದರೆ ನೋಂದಣಿ ಬೇಡ. 'ಈ ಪತ್ರದ ಮೂಲಕ ಪಾಲು ಮಾಡಿಕೊಳ್ಳುತ್ತೇವೆ' ಅಂತಿದ್ದರೆ ನೋಂದಣಿ ಬೇಕಿತ್ತು. ಆಗ ಆ ಹಾಳೆಯಿಂದ ಒಡೆತನ ಸಾಬೀತು ಮಾಡಲು ಬರುವುದಿಲ್ಲ. ಆದರೂ ಬಿಸಾಡಬೇಡಿ. ಮುದ್ರಾಂಕ ಶುಲ್ಕ ಮತ್ತು ದಂಡ ಕಟ್ಟಿದರೆ, ಯಾರು ಯಾವ ಜಾಗದಲ್ಲಿ ಯಾವ ಲೆಕ್ಕದಲ್ಲಿ ಅನುಭವದಲ್ಲಿದ್ದರು ಅನ್ನುವುದಕ್ಕೆ ಕೋರ್ಟು ಅದನ್ನು ನೋಡಬಹುದು. ಅದಕ್ಕೇ ಹಾಳೆಯ ಕ್ರಿಯಾಪದಗಳನ್ನು ವಕೀಲರ ಜೊತೆ ಕೂತು ಒಂದೊಂದಾಗಿ ಓದಿ. ಮೂಲ ಪ್ರತಿಗೆ ಲ್ಯಾಮಿನೇಶನ್ ಮಾಡಿಸಬೇಡಿ. ಅದನ್ನು ಯಾರ ಕೈಗೂ ಕೊಡಬೇಡಿ, ಜೆರಾಕ್ಸ್ ಸಾಕು. ಸಹಿ ಹಾಕಿದ ಹಿರಿಯರಲ್ಲಿ ಯಾರಾದರೂ ಇದ್ದಾರಾ? ಇದ್ದರೆ ದಾವೆ ಹಾಕುವುದನ್ನು ಮುಂದೂಡಬೇಡಿ. ವಯಸ್ಸಾದ ಸಾಕ್ಷಿಯ ಹೇಳಿಕೆಯನ್ನು ಬೇಗ ದಾಖಲಿಸಿಕೊಳ್ಳಿ ಅಂತ ಕೋರ್ಟನ್ನು ಕೇಳಬಹುದು. ನಿಮ್ಮ ಅಪ್ಪನಿಗೂ ಇದೇ ಮಾತು.

ನಿಮ್ಮ ಪತ್ರದಲ್ಲಿ ಅತ್ತೆಯರ ವಿಷಯ ಒಂದೇ ಸಾಲಿನಲ್ಲಿ ಮುಗಿದಿದೆ. ಎದುರು ವಕೀಲರು ಮೊದಲು ಕೈ ಹಾಕುವುದು ಅಲ್ಲಿಗೇ. ಅಜ್ಜ ತೀರಿಕೊಂಡದ್ದು 1979ರಲ್ಲಿ, ಅಂದರೆ 1956ರ ಹಿಂದೂ ಉತ್ತರಾಧಿಕಾರ ಕಾಯ್ದೆ ಬಂದ ಮೇಲೆ. ಅಜ್ಜನ ಹಿಸ್ಸೆಯಲ್ಲಿ ಹೆಣ್ಣು ಮಕ್ಕಳಿಗೂ ಆಗಲೇ ಹಕ್ಕು ಬಂದಿತ್ತು. 2005ರ ತಿದ್ದುಪಡಿ ಮಗಳನ್ನು ಹುಟ್ಟಿನಿಂದಲೇ ಮಗನಷ್ಟೇ ಹಕ್ಕುದಾರಳನ್ನಾಗಿ ಮಾಡಿತು. ಅಪ್ಪ ಆಗ ಬದುಕಿರಲೇಬೇಕು ಅಂತಿಲ್ಲ ಅಂತ ಸುಪ್ರೀಂ ಕೋರ್ಟ್ 2020ರಲ್ಲಿ ಖಚಿತ ಮಾಡಿತು. 2004ರ ಡಿಸೆಂಬರ್ 20ಕ್ಕಿಂತ ಮೊದಲು ಆದ ಪಾಲಿಗೆ ಆ ತಿದ್ದುಪಡಿ ಮುಟ್ಟುವುದಿಲ್ಲ, ನಿಜ. ಆದರೆ ಬಾಯಿಮಾತಿನ ಪಾಲನ್ನು ಕೋರ್ಟು ಸುಲಭವಾಗಿ ಒಪ್ಪುವುದಿಲ್ಲ, ಸರ್ಕಾರಿ ದಾಖಲೆಯ ಬೆಂಬಲ ಕೇಳುತ್ತದೆ. ಮೇಲಾಗಿ ದೊಡ್ಡಪ್ಪ, ಅಪ್ಪ ಇಬ್ಬರೇ ಕೂತು ಮಾಡಿಕೊಂಡ ಪಾಲು ಅತ್ತೆಯರನ್ನು ಕಟ್ಟಿಹಾಕುವುದಿಲ್ಲ.

ಆದ್ದರಿಂದ ದಾವೆಯಲ್ಲಿ ಅತ್ತೆಯರನ್ನು, ತೀರಿಹೋಗಿದ್ದರೆ ಅವರ ಮಕ್ಕಳನ್ನು, ದೊಡ್ಡಪ್ಪನ ಎಲ್ಲ ವಾರಸುದಾರರನ್ನು ಪಕ್ಷಗಾರರನ್ನಾಗಿ ಮಾಡಲೇಬೇಕು. ಒಬ್ಬರನ್ನು ಬಿಟ್ಟರೂ ಪಾಲಿನ ದಾವೆ ಮುಗ್ಗರಿಸುತ್ತದೆ. ಅದಕ್ಕೂ ಮೊದಲು ಅತ್ತೆಯರ ಮನೆಗೆ ಹೋಗಿ ಮಾತಾಡಿ. ಕೋರ್ಟಿನ ಸಮನ್ಸ್‌ನಿಂದ ಅವರಿಗೆ ವಿಷಯ ತಿಳಿಯುವುದು ಸರಿಯಲ್ಲ, ಅಲ್ವಾ? 'ನಮಗೆ ಏನೂ ಬೇಡ' ಅಂತ ಅವರೇ ಮನಸ್ಸಿನಿಂದ ಹೇಳಿದರೆ ನೋಂದಾಯಿತ ಹಕ್ಕು ಬಿಡುಗಡೆ ಪತ್ರ ಮಾಡಿಸಿ. ಬೇಕು ಅಂದರೆ ಅದು ಅವರ ಹಕ್ಕು, ಮುಖ ಸಿಂಡರಿಸಬೇಡಿ. ಒಕ್ಕದ ಜಾಗ ಹೆಣ್ಣುಮಕ್ಕಳಿಗೆ ಹೋಗುವುದಿಲ್ಲ ಅನ್ನುವ ಮಾತು ಈಗಲೂ ಕೇಳಿಬರುತ್ತದೆ. ಕೋರ್ಟಿನಲ್ಲಿ ಅದಕ್ಕೆ ಬೆಲೆ ಇಲ್ಲ.

ಹನ್ನೆರಡು ವರ್ಷದ ವಿಷಯಕ್ಕೆ ಬರೋಣ. ನಿಮಗೆ ಸಲಹೆ ಕೊಟ್ಟವರು ಒಳ್ಳೆಯ ಮನಸ್ಸಿನಿಂದಲೇ ಹೇಳಿರಬಹುದು. ಆದರೆ ಅದನ್ನು ದಾವೆಯಲ್ಲಿ ಬರೆದರೆ ನಿಮ್ಮ ಕೇಸು ನೀವೇ ಕೆಡಿಸಿಕೊಂಡ ಹಾಗೆ. ಪ್ರತಿಕೂಲ ಸ್ವಾಧೀನ ಅಂದರೆ, 'ಜಾಗ ನಿನ್ನದು, ನಿನಗೆ ಗೊತ್ತಿದ್ದೇ ನಿನಗೆ ವಿರುದ್ಧವಾಗಿ ಹನ್ನೆರಡು ವರ್ಷ ನಾನು ಇಟ್ಟುಕೊಂಡೆ, ಇನ್ನು ನನ್ನದು' ಅನ್ನುವ ವಾದ. ಆ ವಾದ ಮಾಡಲು ಮೊದಲು ಒಡೆಯ ಅವರು ಅಂತ ಒಪ್ಪಬೇಕು. ನಿಮ್ಮ ನಿಲುವು 'ಇದು ನಮ್ಮ ಪಾಲಿನದು' ಅಂತ. ಎರಡೂ ಒಂದೇ ಬಾಯಲ್ಲಿ ಬರುವ ಮಾತಲ್ಲ. ಅದಲ್ಲದೆ ಒಂದೇ ಕುಟುಂಬದ ಪಾಲುದಾರರಲ್ಲಿ ಒಬ್ಬರ ಸ್ವಾಧೀನ ಎಲ್ಲರ ಸ್ವಾಧೀನವೇ. ಉಳಿದವರನ್ನು ಬಹಿರಂಗವಾಗಿ ಹೊರಗಿಟ್ಟದ್ದನ್ನು ತೋರಿಸದೆ ಎಷ್ಟು ವರ್ಷ ಕಳೆದರೂ ಪ್ರಯೋಜನವಿಲ್ಲ. ಇದರಲ್ಲಿ ನಿಮಗೆ ಲಾಭವೂ ಇದೆ. ಆರ್‌ಟಿಸಿಯಲ್ಲಿ ಇಷ್ಟು ವರ್ಷ ತಮ್ಮ ಅಪ್ಪನ ಹೆಸರು ಇತ್ತು ಅನ್ನುವುದನ್ನೇ ಹಿಡಿದು ನಿಮ್ಮ ಅಣ್ಣ ನಿಮ್ಮನ್ನು ಹೊರಗೆ ಹಾಕಲು ಆಗುವುದಿಲ್ಲ.

ಹಾಗಾದರೆ ಇಷ್ಟು ವರ್ಷದ ದುಡಿಮೆಗೆ ಬೆಲೆ ಇಲ್ಲವಾ? ಇದೆ, ಸಾಕ್ಷಿಯಾಗಿ. 1986ರಲ್ಲಿ ಪಾಲಾಯಿತು ಅನ್ನುವುದಕ್ಕೆ ಅತಿ ದೊಡ್ಡ ಸಾಕ್ಷಿ, ಅಲ್ಲಿಂದ ಇಲ್ಲಿಯವರೆಗೆ ಎರಡು ಮನೆಯವರು ಬೇರೆ ಬೇರೆ ತೋಟ ಮಾಡಿದ್ದು. ಕಾಫಿ ಮಂಡಳಿಯ ನೋಂದಣಿ ಅಪ್ಪನ ಹೆಸರಲ್ಲಿದೆಯಾ ನೋಡಿ. ಕಾಫಿ, ಮೆಣಸು ಮಾರಿದ ಬಿಲ್ಲು, ಸಹಕಾರ ಸಂಘದಲ್ಲಿ ಎತ್ತಿದ ಬೆಳೆ ಸಾಲ, ಗೊಬ್ಬರದ ರಶೀದಿ, ಪಂಪ್‌ಸೆಟ್ಟಿನ ಕರೆಂಟ್ ಸಂಪರ್ಕ, ಕೂಲಿ ಪುಸ್ತಕ, ಕಂದಾಯ ಕಟ್ಟಿದ ರಶೀದಿ, ಬೆಳೆ ಸಮೀಕ್ಷೆಯ ದಾಖಲೆ, ಎಲ್ಲ ಹುಡುಕಿ. 2018ರ ಮಳೆಯಲ್ಲಿ ಬೆಳೆ ನಷ್ಟವಾಗಿ ಅಪ್ಪನಿಗೆ ಸರ್ಕಾರದ ಪರಿಹಾರ ಬಂದಿದ್ದರೆ, ಪಾಸ್‌ಬುಕ್ಕಿನ ಆ ಸಾಲು ಚಿನ್ನ. ಹಳೆ ಪಹಣಿಯ ಹನ್ನೆರಡನೇ ಕಾಲಂನಲ್ಲಿ ಸಾಗುವಳಿದಾರರಾಗಿ ಅಪ್ಪನ ಹೆಸರು ಇತ್ತಾ ಅಂತಲೂ ನೋಡಿ. ಒಂಬತ್ತನೇ ಕಾಲಂ ನೋಡಿ ಮಡಚಿಡುವವರೇ ಜಾಸ್ತಿ.

ಇದರ ಜೊತೆಗೇ ಮೋಜಣಿಯಲ್ಲಿ (ಸರ್ವೆ ಇಲಾಖೆಯ ಅರ್ಜಿ ವ್ಯವಸ್ಥೆ) ಅರ್ಜಿ ಕೊಟ್ಟು ಹದ್ದುಬಸ್ತು, ಅಂದರೆ ಗಡಿ ಗುರುತಿಸುವ ಅಳತೆ, ಮಾಡಿಸಿ. ಕೊಡಗಿನಲ್ಲಿ ಒಂದು ಸರ್ವೆ ನಂಬರಿನಲ್ಲಿ ಇಡೀ ಒಕ್ಕದ ಬಾಣೆ ಪೋಡಿಯಾಗದೆ (ಪಾಲು ಪಾಲಾಗಿ ನಂಬರು ಬೇರೆಯಾಗದೆ) ಬಿದ್ದಿರುವುದು ಮಾಮೂಲು. ಸರ್ವೆಯವರು ನಂಬರಿನ ಹೊರಗಿನ ಗಡಿ ತೋರಿಸುತ್ತಾರೆ. ಒಳಗೆ ಯಾರ ಪಾಲು ಎಲ್ಲಿ ಅಂತ ಹೇಳುವ ಅಧಿಕಾರ ಅವರಿಗೂ ಇಲ್ಲ. ಆದರೆ ನಿಮ್ಮ ತೋಟ ಎಲ್ಲಿ ಮುಗಿಯುತ್ತದೆ, ಪೈಸಾರಿ ಎಲ್ಲಿ ಶುರುವಾಗುತ್ತದೆ ಅನ್ನುವುದು ತಿಳಿಯುತ್ತದೆ. ಅದು ತಿಳಿಯದೆ ದಾವೆಯಲ್ಲಿ ಚಕ್ಕುಬಂದಿ (ನಾಲ್ಕು ದಿಕ್ಕಿನ ಗಡಿ) ಬರೆದರೆ ಡಿಕ್ರಿ ಬಂದ ಮೇಲೆ ಹೊಸ ಜಗಳ.

ಬೇಲಿ ಕೀಳಬೇಡಿ. ಕಿತ್ತರೆ ನಿಮ್ಮ ಮೇಲೆ ಪೊಲೀಸ್ ದೂರು ಬರುತ್ತದೆ, ಸಿವಿಲ್ ಕೇಸಿನಲ್ಲಿ ನೀವೇ ಗಲಾಟೆ ಮಾಡುವವರಾಗುತ್ತೀರಿ. ತಾರೀಖು ಕಾಣುವ ಹಾಗೆ ಫೋಟೋ, ವಿಡಿಯೋ ತೆಗೆಯಿರಿ. ಠಾಣೆಗೆ ಲಿಖಿತ ದೂರು ಕೊಟ್ಟು ಸ್ವೀಕೃತಿ ಪಡೆಯಿರಿ. 'ಇದು ಸಿವಿಲ್ ವಿಷಯ' ಅಂತ ಹಿಂಬರಹ ಕೊಟ್ಟರೂ ಆ ಕಾಗದ ಕೆಲಸಕ್ಕೆ ಬರುತ್ತದೆ. ಆಮೇಲೆ ದಾವೆಯ ಜೊತೆಗೇ ಮಧ್ಯಂತರ ತಡೆಯಾಜ್ಞೆಗೆ ಅರ್ಜಿ. ಅವರು ಬೇಲಿ ಒಳಗೆ ಪೂರ್ತಿ ಹಿಡಿದುಕೊಂಡು ನಿಮ್ಮನ್ನು ಹೊರಗೆ ಹಾಕಿಬಿಟ್ಟರೆ, ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಕಲಮಿನಲ್ಲಿ ಆರು ತಿಂಗಳೊಳಗೆ ದಾವೆ ಹಾಕಿ. ಅದರಲ್ಲಿ ಒಡೆತನದ ಪ್ರಶ್ನೆಯೇ ಬರುವುದಿಲ್ಲ, ಕಾನೂನು ಬಿಟ್ಟು ಹೊರಗೆ ಹಾಕಿದ್ದಾರೆ ಅಂತ ತೋರಿಸಿದರೆ ಸಾಕು. ಅಷ್ಟರವರೆಗೆ ಗೊಬ್ಬರ, ಚಿಗುರು ತೆಗೆಯುವುದು, ನೆರಳು ಮರದ ಕೊಂಬೆ ಸವರಿಸುವುದು ಯಾವುದನ್ನೂ ನಿಲ್ಲಿಸಬೇಡಿ. ಮರ ಮಾತ್ರ ಉರುಳಿಸಬೇಡಿ. ನಮ್ಮ ಜಿಲ್ಲೆಯಲ್ಲಿ ಜಾಗದ ಹಕ್ಕು ಬೇರೆ, ಮರದ ಹಕ್ಕು ಬೇರೆ ಆಗಿರಬಹುದು. ತಕರಾರು ಇರುವಾಗ ಒಂದು ಮರ ಉರುಳಿದರೂ ಅರಣ್ಯ ಇಲಾಖೆ ಮೂರನೇ ಪಕ್ಷವಾಗಿ ಬಂದು ಕೂರುತ್ತದೆ.

ರಾಜಿ ಆಗುವುದಾದರೆ ಆಗಲಿ. ಪುತ್ತರಿ ಹಬ್ಬಕ್ಕೋ, ತೀರಿಹೋದ ಹಿರಿಯರಿಗೆ ಎಡೆ ಇಡುವ ದಿನಕ್ಕೋ ಎಲ್ಲರೂ ಐನ್‌ಮನೆಗೆ (ಒಕ್ಕದ ಮೂಲ ಮನೆ) ಬಂದಾಗ ಕೂತು ಮಾತಾಡಿ ಅಂತ ಹಿರಿಯರು ಹೇಳುತ್ತಾರೆ, ಒಳ್ಳೆಯ ಮಾತೇ. ಆದರೆ ದಾವೆ ಹಾಕಿದ ಮೇಲೆ ಮಾತಾಡಿ. ಆಗ ಒಪ್ಪಿದ್ದನ್ನು ಲೋಕ ಅದಾಲತ್‌ನಲ್ಲಿ ದಾಖಲಿಸಬಹುದು. ಅದಾಲತ್ತಿನ ಅವಾರ್ಡು ಸಿವಿಲ್ ಕೋರ್ಟಿನ ಡಿಕ್ರಿಗೆ ಸಮ, ಅದರ ಮೇಲೆ ಮೇಲ್ಮನವಿ ಇಲ್ಲ, ಕಟ್ಟಿದ ಕೋರ್ಟು ಶುಲ್ಕವೂ ವಾಪಸ್ ಬರುತ್ತದೆ. ಮತ್ತೊಂದು ಬಿಳಿ ಹಾಳೆಗೆ ಮಾತ್ರ ಸಹಿ ಹಾಕಬೇಡಿ. ರಾಜಿಯಾಗದೆ ಪಾಲಿನ ಡಿಕ್ರಿ ಆದರೆ, ಮೊದಲು ಬರುವುದು ಪ್ರಾಥಮಿಕ ಡಿಕ್ರಿ, ಯಾರಿಗೆ ಎಷ್ಟು ಹಿಸ್ಸೆ ಅಂತ ಮಾತ್ರ. ಅಷ್ಟಕ್ಕೇ ಗೆದ್ದೆವು ಅಂತ ಮನೆಗೆ ಹೋದವರಿದ್ದಾರೆ. ಅಳತೆಯಾಗಿ ಅಂತಿಮ ಡಿಕ್ರಿ ಆಗಬೇಕು. ಅದಕ್ಕೆ ಬೇರೆ ಅರ್ಜಿಗೆ ಕಾಯದೆ ಕೋರ್ಟೇ ಮುಂದುವರಿಸಬೇಕು ಅಂತ ಸುಪ್ರೀಂ ಕೋರ್ಟ್ 2022ರಲ್ಲಿ ಹೇಳಿದೆ. ಅದನ್ನು ನಿಮ್ಮ ವಕೀಲರಿಗೆ ನೆನಪಿಸಿ. ಅಂತಿಮ ಡಿಕ್ರಿಯ ಪ್ರತಿ ಹಿಡಿದು ಪೋಡಿ ಮಾಡಿಸಿ, ಅಪ್ಪನ ಹೆಸರಿಗೆ ಪ್ರತ್ಯೇಕ ಆರ್‌ಟಿಸಿ ಬರುವವರೆಗೆ ಕೆಲಸ ಮುಗಿದಿಲ್ಲ.

ಪೈಸಾರಿಯ ಅರ್ಧ ಎಕರೆಯನ್ನು ಈ ದಾವೆಯೊಳಗೆ ತರಲೇಬೇಡಿ. ಅದು ಸರ್ಕಾರದ ಜಾಗ, ಅಣ್ಣ ತಮ್ಮಂದಿರ ಪಾಲಿಗೆ ಬರುವುದಿಲ್ಲ. ಸರ್ಕಾರ ತನ್ನ ಜಾಗ ಕೇಳಲು ಇರುವ ಕಾಲಮಿತಿ ಹನ್ನೆರಡಲ್ಲ, ಮೂವತ್ತು ವರ್ಷ. ಅಷ್ಟು ವರ್ಷದ ನಿರಂತರ ವಿರುದ್ಧ ಅನುಭವ ಸಾಬೀತು ಮಾಡುವುದು ಬಹಳ ಕಷ್ಟ. ಅಪ್ಪ ಹಿಂದೆ ಸಕ್ರಮಕ್ಕೆ ನಮೂನೆ 50, 53 ಅಥವಾ 57ರಲ್ಲಿ ಅರ್ಜಿ ಹಾಕಿದ್ದರಾ ಅಂತ ಕೇಳಿ, ಹಾಕಿದ್ದರೆ ಸ್ವೀಕೃತಿ ಹುಡುಕಿ. ಕಾಫಿ ಬೆಳೆದ ಸರ್ಕಾರಿ ಜಾಗವನ್ನು ಗುತ್ತಿಗೆಗೆ ಕೊಡುವ ಅವಕಾಶವೂ ಈಗ ಕಾಯ್ದೆಯಲ್ಲಿದೆ. ಆದರೆ ಆ ಜಾಗ ಅರಣ್ಯವೋ ದೇವರಕಾಡೋ ಆಗಿದ್ದರೆ ಈ ಯಾವ ದಾರಿಯೂ ತೆರೆಯುವುದಿಲ್ಲ. ಹದ್ದುಬಸ್ತು ನಕ್ಷೆ ಕೈಗೆ ಬಂದ ಮೇಲೆ, ಅದನ್ನು ಹಿಡಿದುಕೊಂಡು ತಾಲ್ಲೂಕು ಕಚೇರಿಯ ಭೂ ಮಂಜೂರಾತಿ ಶಾಖೆಯಲ್ಲಿ ವಿಚಾರಿಸಿ.